ಸರ್ಕಾರದ ಜಗಲಿ

ಹೋದ ವಾರ ಶಿಕಾರಿಪುರದ ಸಂತೆಯಲ್ಲಿ ಕುಡುಗೋಲಿಗೆ ಹಿಡಿ ಹಾಕಿಸಲು ನಿಂತಿದ್ದೆ. ಹಿತ್ತಲಿನ ಹುಲ್ಲನ್ನು ನಾನೇ ಕೊಯ್ಯುತ್ತೇನೆ. ಬೇರೆಯವರು ಕೊಯ್ದರೆ ನನಗೆ ಸಮಾಧಾನವಾಗುವುದಿಲ್ಲ. ಕಮ್ಮಾರ ಮರದ ಹಿಡಿಯ ತೂತಿಗೆ ಅರಗಿನ ಪುಡಿ ತುಂಬಿ, ಕಾಯಿಸಿದ ಕುಡುಗೋಲಿನ ಬಾಲವನ್ನು ಒಳಗೆ ಒತ್ತಿದ. ಚುಯ್ಯೆಂದು ಹೊಗೆ ಎದ್ದಿತು. ಆ ವಾಸನೆ... ಸ್ವಲ್ಪ ಸಿಹಿ, ಸ್ವಲ್ಪ ಗಂಟಲು ಕೆರೆಯುವ, ಸುಟ್ಟ ಅರಗಿನ ವಾಸನೆ. ಸಂತೆಯ ಗದ್ದಲದ ನಡುವೆ ನಾನು ಸೊರಬದ ಕಡೆಯ, ಕುಪ್ಪಗಡ್ಡೆಯಿಂದ ಆಚೆಗಿನ ಒಂದು ಊರಿನ ಜಗಲಿಯ ಮುಂದೆ ನಿಂತುಬಿಟ್ಟೆ. ಜಗಲಿಯ ಮೇಲೆ ಆ ಊರಿನ ಅಂಚೆ ಮಾಸ್ತರು ಟಪಾಲು ಚೀಲದ ಗಂಟಿಗೆ ಅರಗು ಸುರಿದು ಹಿತ್ತಾಳೆಯ ಮೊಹರು ಒತ್ತುತ್ತಿದ್ದರು. ರಸ್ತೆಯಲ್ಲಿ ಚೀಲಕ್ಕಾಗಿ ಕಾದ ಬಸ್ಸು ಹಾರ್ನ್ ಹೊಡೆಯುತ್ತಿತ್ತು. ಅವರು ತಲೆ ಎತ್ತುತ್ತಿರಲಿಲ್ಲ.

ತೀರಿಹೋದವರ ಬಗ್ಗೆ ಒಳ್ಳೆಯದನ್ನೇ ಬರೆಯಬೇಕು ಎನ್ನುತ್ತಾರೆ. ಹಾಗೆ ಬರೆಯುವ ಮನಸ್ಸಿದ್ದರೆ ಬೇರೆ ಯಾರನ್ನಾದರೂ ಆರಿಸಿಕೊಳ್ಳುತ್ತಿದ್ದೆ. ಈ ಮನುಷ್ಯನನ್ನು ಕಂಡರೆ ನನಗೆ ಆಗುತ್ತಿರಲಿಲ್ಲ. ಅವರಿಗೂ ನಾನು ಆಗುತ್ತಿರಲಿಲ್ಲ. ಅದನ್ನು ಇಬ್ಬರೂ ಎಂದೂ ಮುಚ್ಚಿಡಲಿಲ್ಲ.

ನಾನು ಆ ಊರಿನ ಶಾಲೆಗೆ ಟೀಚರಾಗಿ ಹೋದಾಗ ಅಂಚೆ ಕಚೇರಿ ಎಲ್ಲಿದೆ ಎಂದು ಕೇಳಿದೆ. ಒಬ್ಬರು ದೊಡ್ಡ ಮನೆಯೊಂದನ್ನು ತೋರಿಸಿದರು. ಜಗಲಿಯ ಕಂಬಕ್ಕೆ ಕೆಂಪು ಪೆಟ್ಟಿಗೆ ನೇತುಹಾಕಿತ್ತು. ಜಗಲಿಗೆ ಸೇರಿದ ಸಣ್ಣ ಕೋಣೆಯಲ್ಲಿ ಒಂದು ಮೇಜು, ಒಂದು ಬೀರು, ಸರ್ಕಾರದ ಒಂದು ತಕ್ಕಡಿ. ಅಷ್ಟೇ ಕಚೇರಿ. ಮಾಸ್ತರ ಅಪ್ಪನೂ ಅಲ್ಲೇ ಕೂತು ಅಂಚೆ ನಡೆಸಿದವರು, ಆ ಅಪ್ಪನ ಅಪ್ಪನೂ ಅಲ್ಲೇ. ಮನೆ ಅವರದು, ಆದ್ದರಿಂದ ಜಗಲಿ ಅವರದು. ಜಗಲಿ ಅವರದಾದ್ದರಿಂದ ಅಂಚೆಯೂ ಅವರದು. ಇದರಲ್ಲಿ ತಪ್ಪೇನಿದೆ ಎಂದು ಊರಲ್ಲಿ ಯಾರೂ ಕೇಳಿರಲಿಲ್ಲ. ಕೇಳುವವರು ಇದ್ದರು, ಆದರೆ ಅವರು ಅಂಗಳದಲ್ಲಿ ನಿಂತಿರುತ್ತಿದ್ದರು.

ಅಂಗಳದ ವಿಷಯವನ್ನು ಬಿಡಿಸಿ ಹೇಳಬೇಕು. ವೃದ್ಧಾಪ್ಯ ವೇತನ ಬಂದ ದಿನ ಕೆಳಗಿನ ಕೇರಿಯ ಮುದುಕಿಯರು ಬರುತ್ತಿದ್ದರು. ಅವರು ಜಗಲಿ ಹತ್ತುವಂತಿರಲಿಲ್ಲ. ಹತ್ತಬೇಡಿ ಎಂದು ಮಾಸ್ತರು ಬಾಯಿಬಿಟ್ಟು ಹೇಳಿದ್ದನ್ನು ನಾನು ಕೇಳಿಲ್ಲ. ಹೇಳುವ ಅಗತ್ಯವೇ ಇರಲಿಲ್ಲ. ಒಂದು ಕರಿಮರದ ಸ್ಟೂಲನ್ನು ಅವರು ಅಂಗಳಕ್ಕೆ ಇಳಿಸುತ್ತಿದ್ದರು. ಅದರ ಮೇಲೆ ಕಾಗದ, ಇಂಕಿನ ಪ್ಯಾಡು. ಮುದುಕಿಯರು ಬಿಸಿಲಲ್ಲಿ ನಿಂತು, ಬಗ್ಗಿ, ಹೆಬ್ಬೆಟ್ಟು ಒತ್ತಿ ಹೋಗುತ್ತಿದ್ದರು. ಅದೇ ಸ್ಟೂಲಿನ ಮೇಲೆ ಸಂಜೆ ಅರಗು ಕಾಯಿಸುವುದು. ಹಾಗಾಗಿ ಅದರ ಮೈತುಂಬ ಕೆಂಪು ಹನಿಗಳು ಅಂಟಿ ಗಟ್ಟಿಯಾಗಿದ್ದವು.

ಒಮ್ಮೆ ನಾನು ಕೇಳಿಯೇಬಿಟ್ಟೆ. "ಮಾಸ್ತರೇ, ಇದು ಸರ್ಕಾರಿ ಕಚೇರಿ ಅಲ್ವಾ? ಅವರು ಮೇಲೆ ಬಂದ್ರೆ ಏನಾಗುತ್ತೆ?"

"ಕಚೇರಿ ಒಳಗೈತೆ ಅಕ್ಕೋರೆ. ಜಗಲಿ ನಮ್ದು."

"ಹಂಗಾದ್ರೆ ಒಳಗಿನ ಕಚೇರಿಗೆ ಹಾರಿಕೊಂಡು ಬರಬೇಕಾ ಅವರು?"

ಅವರು ನಕ್ಕರು. ಅವರ ನಗುವೇ ನನಗೆ ಹೆಚ್ಚು ಸಿಟ್ಟು ತರಿಸುತ್ತಿದ್ದದ್ದು. ಆವತ್ತಿನಿಂದ ನಾನು ಆ ಜಾಗವನ್ನು 'ಸರ್ಕಾರದ ಜಗಲಿ' ಎಂದೇ ಕರೆಯತೊಡಗಿದೆ. ನನ್ನ ಕಾಗದಗಳು ತಡವಾಗಿ ಬರತೊಡಗಿದವು.

ನಾನು ಸರ್ಕಾರಿ ಹಾಸ್ಟೆಲಿನಲ್ಲಿ ಬೆಳೆದವಳು. ಗಂಟೆಗೆ ಏಳುವುದು, ಗಂಟೆಗೆ ಉಣ್ಣುವುದು, ಗಂಟೆಗೆ ದೀಪ ಆರಿಸುವುದು. ಅದನ್ನು ಇವತ್ತಿಗೂ ಬಿಟ್ಟಿಲ್ಲ. ಗಂಟೆಗೆ ಒಂದು ಗುಣವಿದೆ: ಅದು ಯಾರ ಮಗಳು ಎಂದು ಕೇಳಿ ಮೊಳಗುವುದಿಲ್ಲ. ನನ್ನಪ್ಪ ಶಿಕಾರಿಪುರ ತಾಲ್ಲೂಕಿನ ತಾಳಗುಂದದ ಕಡೆಯವನು, ಅಂಬ್ಲಿಗೊಳದ ಕಾಲುವೆ ಬದಿಯವರೆಗೂ ಕುರಿ ಹೊಡೆದುಕೊಂಡು ಹೋಗುತ್ತಿದ್ದ. ತನ್ನ ನಂತರ ನನಗೆ ಬಿಟ್ಟುಹೋಗಬಹುದಾಗಿದ್ದ ಕೆಲಸ ಅದೊಂದೇ. ನನಗೆ ಶಾಲೆಯ ಕೆಲಸ ಸಿಕ್ಕಿದ್ದು ಅಂಕಗಳಿಂದ, ಯಾರೋ ಕಾಣದ ಅಧಿಕಾರಿ ಅಂಕಗಳ ಪ್ರಕಾರ ಹೆಸರು ಬರೆದದ್ದರಿಂದ. ಮಾಸ್ತರ ಮೇಲೆ ನನಗೇಕೆ ಅಷ್ಟು ಹಗೆ ಎಂದು ಕೇಳುವವರಿಗೆ ಇದಕ್ಕಿಂತ ಹೆಚ್ಚು ಹೇಳಲಾರೆ.

ಮಾಸ್ತರ ಮಗ ನನ್ನ ವಿದ್ಯಾರ್ಥಿ. ಲೆಕ್ಕದಲ್ಲಿ ಸಾಧಾರಣ, ಕನ್ನಡದಲ್ಲಿ ಇನ್ನೂ ಸಾಧಾರಣ, ಓಟದಲ್ಲಿ ಮಾತ್ರ ಅವನ ಮುಂದೆ ಯಾರೂ ಇಲ್ಲ. ಶಾಲೆಯ ಬೆಳಗಿನ ಕವಾಯತನ್ನು ನಾನೇ ನಡೆಸುತ್ತಿದ್ದುದರಿಂದ ಅವನ ಕಾಲು ನನಗೆ ಗೊತ್ತಿತ್ತು. ಪೊಲೀಸಿಗೆ ಸೇರು ಎಂದು ಹುರಿದುಂಬಿಸಿದವಳೂ ನಾನೇ. ಬರೆಯುವ ಪರೀಕ್ಷೆಯನ್ನು ಹೇಗೋ ಪಾಸು ಮಾಡಿದ. ಓಡುವ ಪರೀಕ್ಷೆಯ ದಿನ ಬಂತು. ಆ ದಿನವೇ ಮಾಸ್ತರು ನೆಂಟರ ಗೃಹಪ್ರವೇಶಕ್ಕೆ ಹೊರಟು ನಿಂತರು.

ಮಾಸ್ತರು ರಜೆ ಹಾಕಿದರೆ ತಮ್ಮ ಜವಾಬ್ದಾರಿಯಲ್ಲಿ ಒಬ್ಬ ಬದಲಿಯನ್ನು ಕೂರಿಸಿ ಹೋಗಬಹುದಿತ್ತು. ಹಳ್ಳಿಯ ಅಂಚೆಯಲ್ಲಿ ಅದು ಮೊದಲಿನಿಂದ ನಡೆದುಬಂದ ಪದ್ಧತಿ. ಕೆಲಸ ನಿಲ್ಲದಿರಲಿ ಎಂದು ಮಾಡಿದ ಆ ಅನುಕೂಲವನ್ನು ಅವರು ಮಗನಿಗೆ ಪಟ್ಟ ಕಟ್ಟುವ ದಾರಿ ಮಾಡಿಕೊಂಡಿದ್ದರು. ಬೆನ್ನುನೋವೆಂದು ರಜೆ, ಮಗ ಬದಲಿ. ಕೊಯ್ಲೆಂದು ರಜೆ, ಮಗ ಬದಲಿ. ವರ್ಷಗಟ್ಟಲೆ ಹೀಗೆ ಕೂತವನನ್ನು ನಾಳೆ ಯಾರು ಎಬ್ಬಿಸುತ್ತಾರೆ ಎಂಬುದು ಅವರ ಲೆಕ್ಕ.

"ಇವತ್ತೊಂದು ದಿನ ನೆಂಟರ ಮನೆ ಬಿಡಿ ಮಾಸ್ತರೇ. ಹುಡುಗನ ಜೀವನದ ಪ್ರಶ್ನೆ," ಎಂದೆ.

"ಅವ ಹೋದ್ರೆ ಚೀಲ ಕಟ್ಟೋರ್ಯಾರು? ಮನೇಲಿ ಕುರ್ಚಿ ಇಟ್ಕಂಡು ಲಾಠಿ ಹಿಡ್ಯಾಕೆ ಹೋಗ್ತಾನಾ?"

ಅಂದು ಸಂಜೆ ಹುಡುಗ ಜಗಲಿಯ ಮೇಲೆ ಕೂತು ಅರಗು ಕಾಯಿಸುತ್ತಿದ್ದ. ಓಡುವ ಬೂಟು ಹಾಕಿಕೊಂಡೇ ಕೂತಿದ್ದ... ಅದು ಮಾತ್ರ ಕಣ್ಣಿಗೆ ಕಟ್ಟಿದಂತಿದೆ. ಬಸ್ಸು ಬಂತು, ಚೀಲ ಹಾಕಿದ, ಬಸ್ಸು ಹೋಯಿತು.

ಮುಂದೆ ಎಷ್ಟೋ ವರ್ಷ ಅವನು ಹಾಗೇ ಕೂತಿದ್ದ. ಪೊಲೀಸಿಗೆ ಸೇರುವ ವಯಸ್ಸು ದಾಟಿತು. ಬೇರೆ ಕೆಲಸಗಳ ವಯಸ್ಸೂ ದಾಟುತ್ತ ಬಂತು.

ಕೊನೆಗೆ ಮಾಸ್ತರ ನಿವೃತ್ತಿ ಬಂತು. ಹೊಸಬರು ಬರುವವರೆಗೆ ಮಗನೇ ಬದಲಿಯಾಗಿ ಕೂತ. ಹುದ್ದೆಗೆ ಅರ್ಜಿ ಕರೆದರು. ಯಾರು ಬೇಕಾದರೂ ಹಾಕಬಹುದು, ಎಸ್ಸೆಸ್ಸೆಲ್ಸಿ ಅಂಕಗಳ ಮೇಲೆ ಆಯ್ಕೆ, ಎಲ್ಲ ಕಂಪ್ಯೂಟರಿನಲ್ಲಿ. ಮಗನ ಅಂಕಗಳು ಎಷ್ಟೆಂದು ಪಾಠ ಹೇಳಿದ ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಆಯ್ಕೆಯಾದದ್ದು ಶಿಕಾರಿಪುರ ತಾಲ್ಲೂಕಿನ ಒಬ್ಬ ಹುಡುಗಿ. ಮೆಕ್ಕೆಜೋಳ ಬೆಳೆಯುವ ಮನೆ, ಹಿಂದೆ ಮುಂದೆ ಯಾರೂ ಇಲ್ಲ, ಅಂಕ ಮಾತ್ರ ತುಂಬ ಇದ್ದವು.

ಸುದ್ದಿ ಬಂದ ಸಂಜೆ ನಾನು ಬೇಕೆಂದೇ ಆ ಜಗಲಿಯ ಮುಂದೆ ಹಾದುಹೋದೆ. ಮಾಸ್ತರು ಕರೆದರು.

"ನೋಡಿ ಅಕ್ಕೋರೆ. ಪಟೇಲಿಕೆ ಹೋತು, ಶಾನುಭೋಗಿಕೆ ಹೋತು. ಇದೊಂದು ಉಳಿದಿತ್ತು."

"ಉಳಿದಿರಲಿಲ್ಲ ಮಾಸ್ತರೇ. ನೀವು ಉಳಿಸಿಕೊಂಡಿದ್ರಿ."

"ಮೂರು ತಲೆ ಕೂತ ಜಾಗ. ಊರಿನ ಮನೆಮನೆ ಗುಟ್ಟು ನಮಗೆ ಗೊತ್ತು. ಯಾವಳೋ ಜ್ವಾಳದ ಸೀಮೆಯೋಳು ಬಂದು ಎಂತ ಮಾಡ್ತಾಳೆ?"

"ನಾನೂ ಜೋಳದ ಸೀಮೆಯವಳೇ. ನಿಮ್ಮ ಮಗನಿಗೆ ಅಕ್ಷರ ಕಲಿಸಿದೆ."

"ಅದ್ಕೇ ನಲವತ್ತರ ಮೇಲೆ ಮಾರ್ಕು ಬರ್ಲಿಲ್ಲ," ಎಂದರು. ಈ ಒಂದು ಸಲ ಅವರ ಮಾತು ಚೆನ್ನಾಗಿತ್ತು ಎಂದು ಒಪ್ಪುತ್ತೇನೆ.

ಹುಡುಗಿ ಬಂದಳು. ಬಸ್ಸಿನಿಂದ ಇಳಿದು ನೇರ ಶಾಲೆಗೆ ಬಂದು ನನ್ನನ್ನು ಕೇಳಿದಳು. ಯಾರೋ ನಮ್ಮ ಕಡೆಯ ಟೀಚರ್ ಇದ್ದಾರೆ ಎಂದಿದ್ದರಂತೆ. ಇಲಾಖೆ ಅವಳಿಗೆ ಎರಡು ಷರತ್ತು ಹಾಕಿತ್ತು. ಊರಲ್ಲೇ ವಾಸ ಮಾಡಬೇಕು. ಅಂಚೆ ಕಚೇರಿಗೆ ಊರೊಳಗೆ ತಾನೇ ಒಂದು ಜಾಗ ತೋರಿಸಬೇಕು. ಗಡುವಿನೊಳಗೆ ತೋರಿಸದಿದ್ದರೆ ಹುದ್ದೆ ಇಲ್ಲ. ವಾಸಕ್ಕೆ ನನ್ನ ಮನೆಯಿತ್ತು. ಕಚೇರಿಗೂ ನನ್ನ ಮುಂದಿನ ಕೋಣೆ ಕೊಡುತ್ತೇನೆಂದೆ. ಆದರೆ ನಾನಿದ್ದದ್ದು ಮಾಸ್ತರ ದಾಯಾದಿಯ ಬಾಡಿಗೆ ಮನೆ. ಸಂಜೆಯೇ ಮಾಲೀಕ ಬಂದ. "ನೀವು ಇರಾಕೆ ಅಂತ ಕೊಟ್ಟಿದ್ದು ಅಕ್ಕೋರೆ, ಆಫೀಸ್ ನಡ್ಸಾಕಲ್ಲ. ಬೇಜಾರು ಮಾಡ್ಕಬ್ಯಾಡಿ." ಶಾಲೆಯ ಕೋಣೆ ಕೇಳಿದರೆ ಅದು ಮಕ್ಕಳದು. ಪಂಚಾಯ್ತಿ ಕಟ್ಟಡ ಬೇರೆ ಊರಿನಲ್ಲಿ.

ಸರಿ, ಖಾಲಿ ಕೋಣೆ ಹುಡುಕಲು ಇಬ್ಬರೂ ಹೊರಟೆವು. ಖಾಲಿ ಕೋಣೆಗಳು ಎಲ್ಲೆಲ್ಲಿವೆ ಎಂದು ನನಗೆ ಗೊತ್ತಿತ್ತು. ಗಿರಣಿ ಪಕ್ಕದ ಮನೆಗೆ ಹೋದೆವು. ಕೋಣೆಯಲ್ಲಿ ಒಂದು ದೊಡ್ಡ ಮಂಚ. "ಖಾಲಿ ಇತ್ತು ಅಕ್ಕೋರೆ, ಈಗಿಲ್ಲ ನೋಡಿ." ಅಲ್ಲಿಂದ ಬಾವಿ ಹತ್ತಿರದ ಮನೆ. ಕೋಣೆಯ ನಡುವೆ ಭತ್ತ ತುಂಬುವ ಮರದ ಪಣತ. ಒಳಗೆ ಭತ್ತವಿಲ್ಲ, ತಟ್ಟಿ ನೋಡಿದೆ, ಟೊಳ್ಳು ಸದ್ದು. "ಜಾಗ ಇಲ್ರೀ." ಯಾರೂ ಒರಟಾಗಿ ಮಾತಾಡಲಿಲ್ಲ. ಎಲ್ಲರೂ ಕಾಫಿ ಕೊಟ್ಟರು. ಹುಡುಗಿ ಮುಖ ಒರೆಸಿಕೊಳ್ಳುತ್ತ ನನ್ನ ಹಿಂದೆ ನಡೆಯುತ್ತಿದ್ದಳು.

"ಅಕ್ಕೋರೆ, ಇದು ಹೋದ್ರೆ ಮತ್ತೆ ಓದ್ಸಲ್ಲ ಅಂದಾನ್ರಿ ನಮ್ಮಪ್ಪ. ಗಂಡು ನೋಡಿಟ್ಟಾನೆ."

"ನೆಟ್ಟಗೆ ನಡಿ," ಎಂದೆ. ಅಳುವವರಿಗೆ ನಾನು ಬೇರೆ ಸಮಾಧಾನ ಕಲಿತಿಲ್ಲ.

ದೇವಸ್ಥಾನದ ಹಿಂದಿನ ಮನೆಯಲ್ಲಿ ಕೋಣೆ ತೆರೆದಾಗ ಅಲ್ಲಿ ಹರಿದ ಚಾಪೆ, ಎರಡು ಹಂಡೆ, ಒಂದು ಸ್ಟೂಲು. ಕರಿಮರದ ಸ್ಟೂಲು. ನಾನು ಬಗ್ಗಿ ಅದರ ಮೈ ಮುಟ್ಟಿದೆ. ಕೆಂಪು ಹನಿಗಳು ಬೆರಳಿಗೆ ಸಿಕ್ಕವು. ಅರಗು.

ಮಂಚ ಯಾರದು, ಪಣತ ಯಾರದು ಎಂದು ಆಗ ಹೊಳೆಯಿತು. ಮನೆಯವರನ್ನು ನೋಡಿದೆ. ಅವರು ಸೂರು ನೋಡಿದರು. ಮಾಸ್ತರು ತಮ್ಮ ಮನೆಯ ಸಾಮಾನನ್ನೆಲ್ಲ ಗಾಡಿಯಲ್ಲಿ ಹೇರಿ ಊರಿನ ಖಾಲಿ ಕೋಣೆಗಳಿಗೆ ಹಂಚಿದ್ದರು. ಜಾಗವಿಲ್ಲ ಎಂದು ಸುಳ್ಳು ಹೇಳಿ ಪಾಪ ಕಟ್ಟಿಕೊಳ್ಳುವ ಕಷ್ಟ ಯಾರಿಗೂ ಬರಬಾರದಲ್ಲ! ಹುಡುಗಿ ಬರಲಿಲ್ಲವೆಂದರೆ ಬದಲಿಯೇ ಮುಂದುವರಿಯಬೇಕು. ಬದಲಿ ಎಂದರೆ ಮಗ.

ನಾನು ಹುಡುಗಿಯ ಕೈ ಹಿಡಿದುಕೊಂಡು ನೇರ ಆ ಜಗಲಿಗೆ ನಡೆದೆ. ಮಾಸ್ತರು ಕಂಬಕ್ಕೊರಗಿ ಎಲೆ ಹಾಕುತ್ತಿದ್ದರು. ತೆರೆದ ಬಾಗಿಲಿನಿಂದ ಒಳಗೆ ನೋಡಿದರೆ ಗೋಡೆಯಿಂದ ಗೋಡೆಗೆ ಬರಿನೆಲ. ಅಷ್ಟು ದೊಡ್ಡ ಮನೆ ಮದುವೆ ಮುಗಿದ ಚಪ್ಪರದಂತೆ ಬೋಳಾಗಿತ್ತು. ನಾನು ಬೈಯಲು ಬಾಯಿ ತೆರೆಯುವ ಮೊದಲೇ ಹುಡುಗಿ ಕೈ ಮುಗಿದು ಮಾತಾಡಿದಳು.

"ಯಜಮಾನ್ರೆ, ಊರೆಲ್ಲಾ ತಿರುಗಿದ್ವಿ. ಎಲ್ಲಾರ ಮನ್ಯಾಗೂ ಸಾಮಾನು ಐತ್ರಿ. ಖಾಲಿ ಇರೋದು ನಿಮ್ಮನಿ ಒಂದೇ. ನಿಮ್ಮ ಜಗಲಿ ಕೋಣೇನೇ ನಂಗೆ ಬಾಡ್ಗಿಗೆ ಕೊಡ್ರಿ."

ಅವಳು ಅಣಕಿಸಿದ್ದಲ್ಲ. ನಿಜವಾಗಿ ಕೇಳಿದ್ದು. ಮಾಸ್ತರ ಬಾಯಲ್ಲಿ ಎಲೆಯಡಿಕೆ ಹಾಗೇ ನಿಂತಿತು. ಒಳಗಿನಿಂದ ಅವರ ಹೆಂಡತಿಯ ದನಿ ಬಂತು. ಆ ಮನೆಯಿಂದ ಅವರ ದನಿ ಬೀದಿಗೆ ಕೇಳಿದ್ದು ನಾನು ಕಂಡಂತೆ ಅದೇ ಮೊದಲು.

"ಮಂಚ ಹೋತು, ಪಣತ ಹೋತು, ನೀರು ಕಾಯ್ಸೋ ಹಂಡೆನೂ ಹೋತು. ಉಳಿದೋಳು ನಾನೊಬ್ಳು. ನನ್ನೂ ಯಾರ ಕೋಣೇಲಾದ್ರೂ ಇಟ್ಟು ಬಂದ್ಬಿಡಿ!"

ಹಿತ್ತಲಿನಿಂದ ಮಗ ಬಂದ. ಎಲ್ಲವನ್ನೂ ಕೇಳಿಸಿಕೊಂಡಿದ್ದನೆಂದು ಮುಖದಲ್ಲೇ ಕಾಣುತ್ತಿತ್ತು. ಪಂಚಾಯ್ತಿ ಖಾತೆಯಲ್ಲಿ ಆ ಮನೆ ಇದ್ದದ್ದು, ಯಾವುದೋ ಸಾಲದ ಕಾಲದಲ್ಲಿ ಮಾಸ್ತರೇ ಬರೆಸಿದಂತೆ, ಅವನ ತಾಯಿಯ ಹೆಸರಿನಲ್ಲಿ. ಅವನು ಅಪ್ಪನನ್ನು ದಾಟಿ ಜಗಲಿಯ ಕೋಣೆಗೆ ಹೋಗಿ, ಬೀರುವಿನಿಂದ ಮೊಹರು ಮತ್ತು ಬೀಗದ ಕೈ ತಂದು ಮೇಜಿನ ಮೇಲಿಟ್ಟ.

"ಅವ್ವ ಸೈನ್ ಮಾಡ್ತಾಳೆ. ಇಲ್ಲೇ ನಡೆಸ್ಕಳಿ."

"ಏಯ್!" ಎಂದರು ಮಾಸ್ತರು. "ಯಾರಿಗಾಗಿ ಮಾಡಿದ್ನೋ ಇದ್ನೆಲ್ಲ?"

"ನಂಗೆ ಬ್ಯಾಡ ಅಪ್ಪಯ್ಯ. ಯಾವತ್ತೂ ಬ್ಯಾಡಾಗಿತ್ತು." ಅವನು ಬೀರುವಿನ ಬಾಗಿಲು ಮುಚ್ಚಿದ. "ನೀ ಕೇಳ್ಲೇ ಇಲ್ಲ."

ಮಾಸ್ತರು ಎದ್ದರು. ಒಳಗೆ ಹೋದರು. ಬರಿದಾದ ಮನೆಯಲ್ಲಿ ಅವರ ಹೆಜ್ಜೆಯ ಸದ್ದು ಹಿತ್ತಲಿನವರೆಗೂ ಕೇಳಿತು.

ನನಗೆ ಗೆದ್ದ ಸಂತೋಷವಾಯಿತು. ಆಗಲಿಲ್ಲ ಎಂದು ಸುಳ್ಳು ಬರೆಯುವುದಿಲ್ಲ.

ಹುಡುಗಿ ಕೆಲಸಕ್ಕೆ ಕೂತಳು. ವೇತನದ ದಿನ ಕೆಳಗಿನ ಕೇರಿಯವರು ಎಂದಿನಂತೆ ಬಂದು ಅಂಗಳದಲ್ಲಿ ನಿಂತರು. ಅವಳಿಗೆ ಅದರ ಅರ್ಥವೇ ತಿಳಿಯಲಿಲ್ಲ. "ಬಿಸ್ಲಾಗೆ ಯಾಕೆ ನಿಂತೀರಿ, ಮ್ಯಾಲೆ ಬರ್ರಿ," ಎಂದಳು. ಯಾರೂ ಕದಲಲಿಲ್ಲ. ಅವಳೇ ಇಳಿದು ಒಬ್ಬ ಮುದುಕಿಯ ಕೈ ಹಿಡಿದು ಮೆಟ್ಟಿಲು ಹತ್ತಿಸಿದಳು. ಆ ಅಜ್ಜಿ ಜಗಲಿಯ ಮೇಲೆ ಅಂಗೈ ಊರಿ ಕೂತು, ಸುತ್ತ ನೋಡಿ, "ಎಷ್ಟು ತಣ್ಣಗೈತಲ್ಲ ಮಗಾ ಇಲ್ಲಿ," ಎಂದಿತು. ಆ ತಂಪನ್ನು ಎಷ್ಟು ಕಾಲ ಒಂದು ಮನೆಯವರೇ ಇಟ್ಟುಕೊಂಡಿದ್ದರು ಎಂದು ನೆನೆದರೆ ನನಗೆ ಈಗಲೂ ಮೈ ಉರಿಯುತ್ತದೆ.

ಆ ದಿನದಿಂದ ಮಾಸ್ತರು ಮುಂಬಾಗಿಲು ಬಿಟ್ಟರು. ಸಂತೆಗೆ, ಗದ್ದೆಗೆ, ಮದುವೆಗೆ, ಎಲ್ಲಿಗೆ ಹೋಗುವುದಿದ್ದರೂ ಕೊಟ್ಟಿಗೆಯ ಕಡೆಯಿಂದ ಹೋಗಿ, ಕೊಟ್ಟಿಗೆಯ ಕಡೆಯಿಂದ ಬರುತ್ತಿದ್ದರು. ಕಾಲಿಗೆ ಸಗಣಿ ಮೆತ್ತಿದರೂ ಸರಿ, ಆ ಜಗಲಿ ತುಳಿಯುವುದಿಲ್ಲ. ಜನ ಮೊದಮೊದಲು ನಕ್ಕರು, ಆಮೇಲೆ ಅಭ್ಯಾಸವಾಯಿತು. ಒಂದು ದಿನ ಕೊಟ್ಟಿಗೆಯ ಮೂಲೆಯಲ್ಲಿ ಎದುರಾದರು.

"ಜಗಲಿ ಎಲ್ಲರದ್ದಲ್ವಾ ಮಾಸ್ತರೇ. ನೀವೂ ಹತ್ತಬಹುದು," ಎಂದೆ.

"ನಿಮಗೆ ಅಪ್ಪ ಏನೂ ಬಿಟ್ಟು ಹೋಗ್ಲಿಲ್ಲ ಅಕ್ಕೋರೆ," ಎಂದರು. "ಅದ್ಕೆ ಕಳ್ಕಳಾದು ಅಂದ್ರೆ ಗೊತ್ತಿಲ್ಲ ನಿಮಗೆ."

ಅದಕ್ಕೆ ನಾನು ತಕ್ಕ ಉತ್ತರ ಕೊಟ್ಟೆ. ಏನೆಂದು ಈಗ ನೆನಪಿಲ್ಲ... ಅವರ ಮಾತು ಮಾತ್ರ ನೆನಪಿದೆ.

ಅವರು ತೀರಿಕೊಂಡದ್ದು ಒಂದು ಕೆಲಸದ ದಿನ. ಹೆಣವನ್ನು ಕೊಟ್ಟಿಗೆಯಲ್ಲಿ ಇಡಲಾಗುವುದಿಲ್ಲ. ತಂದು ಜಗಲಿಯ ಮೇಲೆಯೇ ಮಲಗಿಸಿದರು. ಹುಡುಗಿ ತಕ್ಕಡಿ, ಮೊಹರು, ಚೀಲ ಎಲ್ಲವನ್ನೂ ಎತ್ತಿಕೊಂಡು ತಾನೇ ಅಂಗಳಕ್ಕೆ ಇಳಿದಳು. ಊರಿನ ಕೋಣೆಗಳಿಂದ ಸಾಮಾನೆಲ್ಲ ಯಾವತ್ತೋ ವಾಪಸ್ಸಾಗಿತ್ತು. ಮಗ ಆ ಕರಿ ಸ್ಟೂಲನ್ನು ತಂದು ಅವಳ ಮುಂದೆ ಇಟ್ಟು ಹೋದ. ಅವಳು ನಿಂತುಕೊಂಡೇ ಅರಗು ಕಾಯಿಸಿ ಚೀಲಕ್ಕೆ ಮೊಹರು ಒತ್ತಿದಳು. ಊದುಬತ್ತಿಯ ವಾಸನೆಯೊಳಗೆ ಅರಗಿನ ವಾಸನೆ ಸೇರಿಕೊಂಡಿತು. ಕೆಳಗಿನ ಕೇರಿಯ ಆ ಅಜ್ಜಿಯೂ ಬಂದಿತ್ತು. ಮೆಟ್ಟಿಲ ಬಳಿ ಒಂದು ಕ್ಷಣ ನಿಂತು, ಆಮೇಲೆ ಹತ್ತಿ, ಅವರ ಕಾಲ ಬಳಿ ಒಂದು ಹಿಡಿ ಹೂವಿಟ್ಟು ಇಳಿಯಿತು. ಬಸ್ಸು ಬಂದು ನಿಂತಿತು. ಅಂದು ಮಾತ್ರ ಬಸ್ಸಿನವನು ಹಾರ್ನ್ ಹೊಡೆಯಲಿಲ್ಲ. ಎಷ್ಟು ಹೊತ್ತಾದರೂ ಹೊಡೆಯಲಿಲ್ಲ.

ನಾನು ಅಳಲಿಲ್ಲ. ಕೊನೆಯವರೆಗೂ ನಿಂತಿದ್ದೆ.

ಈಗ ಅರಗು ಇಲ್ಲ. ಚೀಲಕ್ಕೆ ಪ್ಲಾಸ್ಟಿಕ್ಕಿನ ಸೀಲು ಬಂದಿದೆಯಂತೆ. ಹುಡುಗಿ ಇನ್ನೊಂದು ಪರೀಕ್ಷೆ ಬರೆದು ಮೇಲಿನ ಹುದ್ದೆಗೆ ಹೋದಳು. ಅವಳ ಜಾಗಕ್ಕೆ ಇನ್ನಾರೋ, ಅದೂ ಅಂಕದ ಮೇಲೆ. ನಿವೃತ್ತಿಯಾದ ಮೇಲೆ ನಾನು ಶಿಕಾರಿಪುರದಲ್ಲಿ ಸಣ್ಣ ಮನೆ ಮಾಡಿಕೊಂಡಿದ್ದೇನೆ.

ಸಂತೆಯಲ್ಲಿ ಅಂದು ಹೊಗೆ ಇಳಿಯುವ ಹೊತ್ತಿಗೆ ಯಾರೋ "ನಮಸ್ಕಾರ ಅಕ್ಕೋರೆ" ಎಂದರು. ಮಾಸ್ತರ ಮಗ. ಕಿವಿಯ ಬಳಿ ಕೂದಲು ಬೆಳ್ಳಗಾಗಿದೆ. ಕುರಿ ಮಾರಲು ಬಂದಿದ್ದ. ಈಗ ಕುರಿ ಸಾಕುತ್ತಾನಂತೆ, ಪರವಾಗಿಲ್ಲ ಎಂದ. ಒಂದು ಕುರಿ ಹಗ್ಗ ಕಿತ್ತುಕೊಂಡು ಜನರ ನಡುವೆ ನುಗ್ಗಿತು. ಅವನು ಮಾತನ್ನು ಅರ್ಧಕ್ಕೇ ಬಿಟ್ಟು ಓಡಿದ. ಆ ವಯಸ್ಸಿನಲ್ಲೂ ಎಂಥ ಓಟ... ನಾನು ಕವಾಯತಿನ ಮೈದಾನದಲ್ಲಿ ನಿಂತಂತೆ ನೋಡುತ್ತ ನಿಂತೆ.

ನನ್ನಪ್ಪ ನನಗೆ ಬಿಡಬಹುದಾಗಿದ್ದ ಕೆಲಸವನ್ನು ಕೊನೆಗೆ ಮಾಸ್ತರು ತಮ್ಮ ಮಗನಿಗೆ ಬಿಟ್ಟುಹೋದರು. ಎದುರಿಗಿದ್ದರೆ ಇದನ್ನು ಹೇಳಿಯೇ ತೀರುತ್ತಿದ್ದೆ. ಅವರೂ ಸುಮ್ಮನಿರುತ್ತಿರಲಿಲ್ಲ. ಅವರನ್ನು ನನ್ನಷ್ಟು ಸರಿಯಾಗಿ ಬೈಯಬಲ್ಲವರು ಇನ್ನು ಯಾರೂ ಇಲ್ಲ. ಬೈಸಿಕೊಂಡು ತಿರುಗಿ ಹೇಳಲು ಅವರೂ ಇಲ್ಲ.

"ಅರಗು ಆರೋ ತನಕ ಹಿಡಿ ಅಲುಗಾಡ್ಸಬ್ಯಾಡ್ರಿ," ಎಂದ ಕಮ್ಮಾರ. ಕುಡುಗೋಲನ್ನು ಹಾಗೇ ನೆಟ್ಟಗೆ ಹಿಡಿದುಕೊಂಡು ಮನೆಗೆ ಬಂದೆ.